ಗೆರೆಬಂಡೆ ಕಾಯ್ದ ತಿಮ್ಮರಾಯಪ್ಪ

ತಿಮ್ಮರಾಯಪ್ಪನ ಬಲಗೈ ಹೆಬ್ಬೆರಳಿನಲ್ಲಿ ಗೆರೆಗಳೇ ಇರಲಿಲ್ಲ. ಬಡಾವಣೆಗೆಂದು ಊರ ಹೊಲಗಳನ್ನು ಅಳೆದುಕೊಂಡು ಹೋದ ವರ್ಷ, ಕಾಗದಕ್ಕೆ ಹೆಬ್ಬೆಟ್ಟು ಒತ್ತಿಸಿಕೊಳ್ಳಲು ಬಂದ ಗುಮಾಸ್ತ ಅವನ ಬೆರಳನ್ನು ಮೂರು ಸಲ ಒತ್ತಿಸಿದ. ಮೂರು ಸಲವೂ ಮೂಡಿದ್ದು ಬರೀ ಮಸಿಯ ಚುಕ್ಕೆ. "ಏನಯ್ಯಾ ಇದು, ಬೆರಳನ್ನ ಯಾವ ಅಂಗಡೀಲಿ ಕೊಂಡ್ಕೊಂಡೆ?" ಎಂದು ಗುಮಾಸ್ತ ರೇಗಿದ. "ನಂಗೆ ರುಜು ಹಾಕಕ್ಕೆ ಬರ್ತದೆ ಸ್ವಾಮಿ, ನೀವು ಕೇಳ್ಲೇ ಇಲ್ಲ" ಎಂದು ತಿಮ್ಮರಾಯಪ್ಪ ಅವನ ಕೈಯಿಂದಲೇ ಪೆನ್ನು ಇಸಿದುಕೊಂಡು ಗುಂಡಗೆ ತನ್ನ ಹೆಸರು ಬರೆದ. ಕಲ್ಲು ತೇಯುವವರ ಬೆರಳು ಹಾಗೇ ಆಗುತ್ತದೆ. ಕಲ್ಲು ಸವೆಯುವುದಕ್ಕೆ ಮೊದಲು ಚರ್ಮ ಸವೆಯುತ್ತದೆ.

ಅವನ ಊರು ಚಿಕ್ಕಲಸಂದ್ರದ ಮಗ್ಗುಲಿನದು, ನಲವತ್ತು ಮನೆ. ಬೆಳಿಗ್ಗೆ ಏಳಕ್ಕೆ ಬುತ್ತಿ ಕಟ್ಟಿಸಿಕೊಂಡು ಸೈಕಲ್ ಏರಿ, ಬನಶಂಕರಿ ಗುಡಿ ದಾಟಿ ಪೇಟೆ ಕಡೆಯ ಒಂದು ಕಾಲೇಜಿಗೆ ಹೋದರೆ, ಸಂಜೆ ಮರಳುವಾಗ ಮೈಮೇಲೆಲ್ಲ ಬೂದಿ ಬಣ್ಣದ ಹುಡಿ. ಅವನ ಕೆಲಸ ಏನೆಂದು ಊರಿನಲ್ಲಿ ಯಾರಿಗೂ ಸರಿಯಾಗಿ ತಿಳಿದಿರಲಿಲ್ಲ. "ಕಾಲೇಜ್ನಲ್ಲಿ ಕಲ್ಲು ತೇಯ್ತಾನಂತೆ. ತೇಯ್ದು ಯಾರ ಹಣೆಗೆ ಹಚ್ತಾನೋ!" ಎಂದು ಅರಳೀಕಟ್ಟೆಯಲ್ಲಿ ಕೂತವರು ನಗುತ್ತಿದ್ದರು. ನಗಲಿ ಬಿಡಿ. ಅವರು ನಕ್ಕಿದ್ದರಿಂದ ಯಾವ ಕಲ್ಲೂ ದಪ್ಪ ಉಳಿಯಲಿಲ್ಲ.

ಭೂವಿಜ್ಞಾನ ವಿಭಾಗದಲ್ಲಿ ಅವನು ಸ್ಲೈಡು ಮಾಡುವವನು. ಎಲ್ಲಿಂದಲೋ ತಂದ ಕಲ್ಲಿನ ಚಕ್ಕೆಯ ಒಂದು ಮೈಯನ್ನು ಕಬ್ಬಿಣದ ಹಲಗೆಯ ಮೇಲೆ ಪುಡಿ, ನೀರು ಹಾಕಿ ತೇಯ್ದು ನಯ ಮಾಡಬೇಕು. ಆ ಮೈಯನ್ನು ಬಿಸಿ ಅಂಟಿನಿಂದ ಗಾಜಿನ ಪಟ್ಟಿಗೆ ಕೂರಿಸಬೇಕು. ಆಮೇಲೆ ಇನ್ನೊಂದು ಮೈಯನ್ನು, ಮೊದಲು ದಪ್ಪ ಪುಡಿಯಲ್ಲಿ, ಕೊನೆಗೆ ಹಿಟ್ಟಿನಂಥ ಪುಡಿಯಲ್ಲಿ, ಕಲ್ಲು ಈರುಳ್ಳಿ ಸಿಪ್ಪೆಗಿಂತ ತೆಳ್ಳಗಾಗಿ ಬೆಳಕು ಹಾಯುವವರೆಗೂ ತೇಯಬೇಕು. ಸೂಕ್ಷ್ಮದರ್ಶಕದ ಕೆಳಗಿಟ್ಟಾಗ ಬೆಣಚುಕಲ್ಲಿನ ಕಣ ಹಳದಿ ಕಂಡರೆ ಇನ್ನೂ ದಪ್ಪ ಇದೆ ಎಂದು ಅರ್ಥ, ಬೂದು ಕಂಡರೆ ಸರಿ. ಅಲ್ಲಿಂದ ಮುಂದೆ ನಾಲ್ಕು ಸುತ್ತು ಜಾಸ್ತಿ ತೇಯ್ದರೆ ಕಲ್ಲೇ ಇರುವುದಿಲ್ಲ, ಗಾಜು ಮಾತ್ರ ಉಳಿಯುತ್ತದೆ. ತಿಮ್ಮರಾಯಪ್ಪ ಸೂಕ್ಷ್ಮದರ್ಶಕ ನೋಡುತ್ತಿದ್ದುದು ಅಪರೂಪ. ಬೆರಳಿಗೇ ಗೊತ್ತಾಗುತ್ತಿತ್ತು.

ಹದಿಮೂರು ವರ್ಷ ಹೀಗೆ ತೇಯ್ದ ಮೇಲೆ, ಸಾವಿರದ ಒಂಬೈನೂರ ಐವತ್ತೇಳರಲ್ಲಿ, ಗೌರೀಶಂಕರ ಎಂಬ ಹೊಸ ಲೆಕ್ಚರರ್ ಬಂದ. ಇಪ್ಪತ್ತಾರು ವರ್ಷ, ಕಡ್ಡಿಯಂಥ ಆಳು, ದಪ್ಪ ಕನ್ನಡಕ. ವಿಭಾಗದಲ್ಲಿ ತಿಮ್ಮರಾಯಪ್ಪನನ್ನು 'ನೀವು' ಎಂದು ಕರೆದ ಮೊದಲನೆಯವನು, ಕೊನೆಯವನು ಕೂಡ. ಒಂದು ದಿನ ಗೌರೀಶಂಕರ ಒಂದು ಸ್ಲೈಡನ್ನು ಬೆಳಕಿಗೆ ಹಿಡಿದು, "ಕಪ್ಪು ಬಿಳಿ ಗೆರೆಗಳು ಎಷ್ಟು ಚೆನ್ನಾಗಿ ನೆರಿಗೆ ಬಿದ್ದಿವೆ ನೋಡಿ. ಇಂಥದ್ದನ್ನ ನೆಲದ ಮೇಲೆ ದೊಡ್ಡದಾಗಿ ನೋಡಬೇಕು ಅಂತ ಹುಡುಕ್ತಾನೇ ಇದೀನಿ" ಎಂದ.

"ಇದಾ ಸಾರ್? ನಮ್ಮೂರ ಕಣದಲ್ಲಿ ಐತಲ್ಲ" ಅಂದ ತಿಮ್ಮರಾಯಪ್ಪ.

ಮುಂದಿನ ಭಾನುವಾರವೇ ಗೌರೀಶಂಕರ ಸೈಕಲ್ ತುಳಿದುಕೊಂಡು ಬಂದ. ಊರ ಪಡುವಣಕ್ಕೆ, ಆನೆ ಮಲಗಿದಷ್ಟು ಎತ್ತರ, ಅರ್ಧ ಎಕರೆ ಅಗಲ, ಬೋಳು ಬಂಡೆ. ಊರವರು ಅದರ ಮೇಲೆ ರಾಗಿ ಒಕ್ಕುತ್ತಿದ್ದರು, ಹುಣಸೆಹಣ್ಣು ಒಣಗಿಸುತ್ತಿದ್ದರು. ಮೈ ತುಂಬ ಗೆರೆ ಇದ್ದುದರಿಂದ ಗೆರೆಬಂಡೆ. ನಡುವೆ ಹಸುವಿನ ಬೆನ್ನಿನಂತೆ ಒಂದು ಕರೀ ಉಬ್ಬು. ಒಕ್ಕಣೆಯ ಕಾಲದಲ್ಲಿ ಹೆಂಗಸರು ಸೊಂಟ ನೋವಾದಾಗ ಕೂರುತ್ತಿದ್ದುದು ಅದರ ಮೇಲೆ. ತಿಮ್ಮರಾಯಪ್ಪನೂ ಮಗುವಾಗಿದ್ದಾಗಿನಿಂದ ಅದರ ಮೇಲೆ ಕೂತು, ಮಲಗಿ, ಜಾರಿ ಬೆಳೆದವನು. ಗೌರೀಶಂಕರ ಆ ಉಬ್ಬಿನ ಹತ್ತಿರ ಮಂಡಿಯೂರಿ, ಮೂಗು ತಾಗುವಷ್ಟು ಬಗ್ಗಿ, ಎಷ್ಟೋ ಹೊತ್ತು ನೋಡಿದ. ಕನ್ನಡಕ ತೆಗೆದು ಒರೆಸಿಕೊಂಡ. ಒರೆಸಿಕೊಂಡದ್ದು ಕನ್ನಡಕ ಮಾತ್ರವಲ್ಲ ಎಂದು ತಿಮ್ಮರಾಯಪ್ಪನಿಗೆ ಅನ್ನಿಸಿತು.

"ಬೆಂಗಳೂರು ಎತ್ತರದಲ್ಲಿದೆ ಅಂತಾರಲ್ಲ ತಿಮ್ಮರಾಯಪ್ಪ, ನಾವು ನಿಂತಿರೋದು ಒಂದು ಬೆಟ್ಟಸಾಲಿನ ಬೇರಿನ ಮೇಲೆ," ಎಂದು ಗೌರೀಶಂಕರ ಆಮೇಲೆ ಹೇಳಿದ. "ಈ ಕಲ್ಲು ಹೀಗೆ ನೆರಿಗೆ ಬೀಳೋವಾಗ ಇದರ ತಲೆ ಮೇಲೆ ಮೈಲಿಗಟ್ಟಲೆ ದಪ್ಪ ಕಲ್ಲಿತ್ತು. ಆ ಭಾರಕ್ಕೆ, ಆ ಕಾವಿಗೆ, ಕಲ್ಲು ಮೆತ್ತಗಾಗಿತ್ತು. ಪಕ್ಕದಿಂದ ನೆಲವೇ ನೆಲಾನ ತಳ್ತಾ ಇತ್ತು. ಮೇಲಿನ ಬೆಟ್ಟ ಎಲ್ಲ ಮಳೆ ಗಾಳಿಗೆ ಸವೆದು ಹೋಯ್ತು. ಬೇರು ಮಾತ್ರ ಉಳೀತು. ಇನ್ನೂರು ಕೋಟಿ ವರ್ಷಕ್ಕೆ ಕಮ್ಮಿ ಇಲ್ಲ."

ತಿಮ್ಮರಾಯಪ್ಪನಿಗೆ ಇನ್ನೂರು ಕೋಟಿ ಎನ್ನುವುದು ತಲೆಗೆ ಹತ್ತಲಿಲ್ಲ. ಆದರೆ ಮೆತ್ತಗಾದ ಕಲ್ಲು ಕೂಡಲೇ ಹತ್ತಿತು. "ಮುದ್ದೆ ತಿರುವಿದಂಗೆ ಸಾರ್" ಎಂದ. "ಹಿಟ್ಟು ಸರಿಯಾಗಿ ಬೆರೀದಿದ್ರೆ ಕೋಲು ತಿರುಗಿದ ಕಡೆ ಬಿಳಿ ಗೆರೆ ಬೀಳ್ತದೆ."

"ಹಾಗೇ! ಹಾಗಾದ್ರೆ ಈ ಕರೀ ಉಬ್ಬು ಏನು ಹೇಳಿ?"

"ಗಂಟು. ಬೇಯದೆ ಉಳಿದ ಗಂಟು."

ಗೌರೀಶಂಕರ ಬಂಡೆಯ ಮೇಲೆ ಎದ್ದು ನಿಂತು ಜೋರಾಗಿ ನಕ್ಕುಬಿಟ್ಟ. ಅದೇ ಅವನ ಇಡೀ ಸಿದ್ಧಾಂತ. ಹಿರಿಯ ವಿದ್ವಾಂಸರೆಲ್ಲ ಈ ಗೆರೆಕಲ್ಲೇ ಎಲ್ಲಕ್ಕೂ ತಳ, ಇದಕ್ಕಿಂತ ಹಳೆಯದಿಲ್ಲ ಎನ್ನುತ್ತಿದ್ದರು. ಆದರೆ ಗೆರೆಕಲ್ಲಿನೊಳಗೆ ಸಿಕ್ಕಿಕೊಂಡ ಕರೀಕಲ್ಲಿನಲ್ಲಿ, ಅದರದೇ ಆದ ಸಣ್ಣ ಸಣ್ಣ ನೆರಿಗೆಗಳಿದ್ದವು. ಹೊರಗಿನ ಗೆರೆಗಳು ಒಂದು ದಿಕ್ಕಿಗೆ ಹೋದರೆ ಒಳಗಿನ ನೆರಿಗೆಗಳು ಇನ್ನೊಂದು ದಿಕ್ಕಿಗೆ, ಅಂಚಿನಲ್ಲಿ ಕತ್ತರಿಸಿದಂತೆ ನಿಂತುಬಿಟ್ಟಿದ್ದವು. ಎಂದರೆ ಗೆರೆಕಲ್ಲು ಅದನ್ನು ನುಂಗುವುದಕ್ಕೆ ಮೊದಲೇ ಆ ಕರೀಕಲ್ಲು ಒಮ್ಮೆ ಮಡಿಚಿಕೊಂಡಿತ್ತು. ಈ ಬೆಟ್ಟಸಾಲಿಗೂ ಮುಂಚೆ ಇಲ್ಲಿ ಇನ್ನೊಂದು ಬೆಟ್ಟಸಾಲು ಎದ್ದಿತ್ತು. ಅದಕ್ಕೆ ಸಾಕ್ಷಿ ಹೇಳಲು ಉಳಿದದ್ದು ಹೆಂಗಸರು ಸೊಂಟ ಊರುವ ಈ ಎರಡು ಮೊಳದ ಉಬ್ಬು.

ತಿಮ್ಮರಾಯಪ್ಪ ಚೀಲದಿಂದ ಸುತ್ತಿಗೆ ತೆಗೆದ. ಗೌರೀಶಂಕರ ಅವನ ಕೈ ಹಿಡಿದುಕೊಂಡ. "ಇದನ್ನ ಮಾತ್ರ ಒಡೀಬೇಡಿ. ಮೊದಲು ಉತ್ತರ ದಿಕ್ಕಿನ ಗುರುತು ಹಾಕದೆ ಕಿತ್ತ ಕಲ್ಲು ಊರು ಮರೆತ ಸಾಕ್ಷಿ ಇದ್ದ ಹಾಗೆ. ಯಾವ ಕಡೆಯಿಂದ ತಳ್ಳಿತು, ಯಾವುದು ಮೊದಲು, ಯಾವುದು ಆಮೇಲೆ, ಏನೂ ಹೇಳಲ್ಲ. ಇದು ಇದ್ದ ಜಾಗದಲ್ಲೇ ಇರಬೇಕು. ನೋಡಿಕೊಳ್ತೀರಾ?"

"ನಮ್ಮೂರ ಬಂಡೆ ಎಲ್ಲೋಯ್ತದೆ ಸಾರ್. ನಾನ್ ನೋಡ್ಕಂತೀನಿ" ಅಂದ ತಿಮ್ಮರಾಯಪ್ಪ. ಅಷ್ಟು ಸುಲಭವಾಗಿ ಮಾತು ಕೊಟ್ಟುಬಿಟ್ಟ.

ಮುಂದಿನ ಏಳು ವರ್ಷ ಗೌರೀಶಂಕರನಿಗೆ ಭಾನುವಾರ ಎಂದರೆ ಗೆರೆಬಂಡೆ. ಸುಣ್ಣದ ಕಡ್ಡಿಯಲ್ಲಿ ಚೌಕ ಹಾಕಿಕೊಂಡು, ದಿಕ್ಸೂಚಿ ಇಟ್ಟು, ಒಂದೊಂದು ಗೆರೆಯನ್ನೂ ಕಾಗದಕ್ಕೆ ಇಳಿಸಿದ. ಸುತ್ತಲ ಹೊಲಗಳ ಕಲ್ಲುಗಳಿಂದ ತಿಮ್ಮರಾಯಪ್ಪ ನಾನೂರು ಸ್ಲೈಡು ತೇಯ್ದ. ತಿಮ್ಮರಾಯಪ್ಪನ ಹೆಂಡತಿ ಮುನಿವೆಂಕಟಮ್ಮ ಇಬ್ಬರಿಗೂ ಮಜ್ಜಿಗೆ ತಂದುಕೊಟ್ಟು, "ಬಂಡೆ ಮೇಲೆ ಏನ್ ಓದ್ತಾರೋ, ಅಕ್ಸರಾನೇ ಇಲ್ಲ" ಎಂದು ಗೊಣಗಿಕೊಂಡು ಹೋಗುತ್ತಿದ್ದಳು. "ಪ್ರಬಂಧ ಅಚ್ಚಾಗೋವಾಗ ಮೊದಲ ಪುಟದಲ್ಲೇ ನಿಮ್ಮ ಹೆಸರು ಹಾಕ್ತೀನಿ. ಈ ಬಂಡೆ ತೋರಿಸಿದವರು ತಿಮ್ಮರಾಯಪ್ಪ ಅಂತ" ಎಂದು ಗೌರೀಶಂಕರ ಹೇಳಿದ ದಿನ ತಿಮ್ಮರಾಯಪ್ಪ ಮನೆಗೆ ಹೋಗಿ ಯಾರಿಗೂ ಹೇಳಲಿಲ್ಲ. ಹೇಳಿದರೆ ಎಲ್ಲಿ ಆಗದೆ ಹೋಗುತ್ತದೋ ಎಂಬ ಭಯ. ಅಚ್ಚಾದ ತನ್ನ ಹೆಸರು ಹೇಗೆ ಕಾಣಬಹುದು ಎಂದು ಸೈಕಲ್ ತುಳಿಯುವಾಗ ಯೋಚಿಸುತ್ತಿದ್ದ.

ಅರವತ್ಮೂರರ ಬೇಸಿಗೆಯಲ್ಲಿ ಬಂಡೆಗೆ ಕಲ್ಲು ಒಡೆಯುವವರು ಬಂದರು. ಜಯನಗರ ಆ ಕಡೆಯಿಂದ ಬೆಳೆದುಕೊಂಡು ಬರುತ್ತಿತ್ತು, ರಸ್ತೆಗೆ ಕಲ್ಲು ಬೇಕಿತ್ತು. ಕಂಟ್ರಾಕ್ಟರನ ಪರವಾಗಿ ತಿರುಮಲೇಶ ಎಂಬ ಮೇಸ್ತ್ರಿ ಇಪ್ಪತ್ತು ಜನರ ಜೊತೆ ಬಂಡೆಯ ತೆಂಕಣ ಅಂಚಿನಲ್ಲಿ ಗುಡಿಸಲು ಹಾಕಿಕೊಂಡ. ತಿಮ್ಮರಾಯಪ್ಪ ಮೊದಲು ಹೆದರಲಿಲ್ಲ. ಕಲ್ಲಿನವರು ಬಂಡೆಯ ಮೇಲೆ ಬೆಂಕಿ ಹಾಕಿ, ಕಾಯಿಸಿ, ಚಪ್ಪಡಿ ಎಬ್ಬಿಸುತ್ತಾರೆ. ಚಪ್ಪಡಿಗೆ ನೇರ ಕಲ್ಲು ಬೇಕು. ನೆರಿಗೆ ಬಿದ್ದ ಕಲ್ಲು ಅಡ್ಡಾದಿಡ್ಡಿ ಒಡೆಯುತ್ತದೆ, ಅದನ್ನು ಯಾರೂ ಮುಟ್ಟುವುದಿಲ್ಲ. ನಾಲ್ಕು ತಿಂಗಳು ಹಾಗೇ ಆಯಿತು ಕೂಡ. ಆಮೇಲೆ ಒಂದು ಬೆಳಿಗ್ಗೆ ತಿರುಮಲೇಶ ನೆರಿಗೆಯ ಕಡೆ ಹಾರೆ ಊರಿ ನಿಂತಿದ್ದ.

"ಅಲ್ಲಣ್ಣ, ಇದು ಚಪ್ಪಡಿಗೆ ಬರಲ್ಲ" ಅಂದ ತಿಮ್ಮರಾಯಪ್ಪ.

"ಚಪ್ಪಡಿ ಆಯ್ತಣ್ಣ. ಇನ್ನು ಜಲ್ಲಿ. ಜಲ್ಲಿಗೆ ನೇರ ಆದ್ರೇನು, ಡೊಂಕಾದ್ರೇನು. ಸೋಮವಾರದಿಂದ ಈ ಕಡೆ."

ಗೌರೀಶಂಕರ ಅರ್ಜಿ ಬರೆದುಕೊಂಡು ಕಚೇರಿಯಿಂದ ಕಚೇರಿಗೆ ಅಲೆದ. ಒಂದು ಕಚೇರಿಯವರು ಇದು ನಮಗೆ ಸೇರಿದ್ದಲ್ಲ ಎಂದರು, ಇನ್ನೊಂದು ಕಚೇರಿಯವರು ಬಂಡೆ ಎಂದರೆ ಬಂಡೆ, ಅದರಲ್ಲಿ ರಕ್ಷಣೆ ಮಾಡುವಂಥದ್ದು ಏನಿದೆ ಎಂದು ಕೇಳಿದರು. ಶಾಸನ ಇದೆಯೇ? ಇಲ್ಲ. ಶಿಲ್ಪ ಇದೆಯೇ? ಇಲ್ಲ. ಹೋಗಲಿ, ಚಿನ್ನ ಇದೆಯೇ? ಇನ್ನೂರು ಕೋಟಿ ವರ್ಷ ಹಳೆಯದು ಎಂದರೆ, "ಹಾಗಾದರೆ ಸಾಕಷ್ಟು ದಿನ ಇದ್ದ ಹಾಗಾಯಿತು" ಎಂದನಂತೆ ಒಬ್ಬ ಪುಣ್ಯಾತ್ಮ. ಶನಿವಾರ ಸಂಜೆ ಗೌರೀಶಂಕರ ಪ್ರಯೋಗಾಲಯದ ಸ್ಟೂಲಿನ ಮೇಲೆ ತಲೆ ತಗ್ಗಿಸಿ ಕೂತಿದ್ದ. "ಕಲ್ಕತ್ತದಿಂದ ಹಿರಿಯರೊಬ್ಬರು ಬರ್ತೀನಿ ಅಂದಿದಾರೆ. ಅವರು ಒಪ್ಪಿದ್ರೆ ಎಲ್ಲರೂ ಒಪ್ತಾರೆ. ಆದ್ರೆ ಅವರು ಫೋಟೋ ನೋಡಲ್ಲ, ತಂದ ಕಲ್ಲು ನೋಡಲ್ಲ. ನೆಲದಲ್ಲಿದ್ದ ಹಾಗೇ ತೋರಿಸು ಅಂತಾರೆ. ಬರೋದು ಇನ್ನು ಒಂದೂವರೆ ವರ್ಷಕ್ಕೆ. ಏನು ಮಾಡ್ಲಿ ಹೇಳಿ" ಅಂದ.

ತಿಮ್ಮರಾಯಪ್ಪನಿಗೆ ದಾರಿ ತೋಚಿದ್ದು ಮರುದಿನ ಮಧ್ಯಾಹ್ನ. ಭಾನುವಾರ, ಸುಡುಬಿಸಿಲು, ಕಲ್ಲಿನವರೆಲ್ಲ ಸಂತೆಗೆ ಹೋಗಿದ್ದರು. ತಿಮ್ಮರಾಯಪ್ಪ ಕೆರೆ ಏರಿಯ ಕೆಳಗಿನಿಂದ ಮೊಳದುದ್ದದ ಮೂರು ಕಲ್ಲು ಹೊತ್ತು ತಂದು, ಕರೀ ಉಬ್ಬಿನ ಪಕ್ಕದ ಬಿರುಕಿನಲ್ಲಿ ಸಾಲಾಗಿ ನಿಲ್ಲಿಸಿದ. ಹೆಂಡತಿಯ ಅರಿಶಿನದ ಡಬ್ಬಿಯಿಂದ ಕದ್ದ ಅರಿಶಿನ ಬಳಿದ, ಕುಂಕುಮ ಇಟ್ಟ, ಒಂದು ನಿಂಬೆಹಣ್ಣು ಕುಯ್ದು ಎರಡು ಹೋಳು ಮಾಡಿ ಮುಂದಿಟ್ಟ. ಬೆಂಗಳೂರಿನ ಸುತ್ತ ಮೂರು ಕಲ್ಲು ಅರಿಶಿನ ಬಳಿದುಕೊಂಡು ನಿಂತರೆ ಅದು ಮುನೇಶ್ವರ. ಯಾರೂ ಯಾವಾಗ ಬಂದೆ ಎಂದು ಕೇಳುವುದಿಲ್ಲ. ಸಂಜೆ ಅರಳೀಕಟ್ಟೆಗೆ ಹೋಗಿ, "ಕನಸಲ್ಲಿ ಬಂದಿದ್ದ. ನನ್ನ ಮೇಲೆ ಸುತ್ತಿಗೆ ಬೀಳ್ತದೆ ಅಂತ ಅಳ್ತಿದ್ದ" ಎಂದ. ಹುಟ್ಟಿದಾಗಿನಿಂದ ಒಂದು ಸುಳ್ಳೂ ಸರಿಯಾಗಿ ಹೇಳಲು ಬಾರದವನು. ಅದಕ್ಕೇ ಎಲ್ಲರೂ ನಂಬಿದರು.

ಸೋಮವಾರ ತಿರುಮಲೇಶ ಆ ಮೂರು ಕಲ್ಲು ನೋಡಿದ. ಹಾರೆ ಕೆಳಗಿಟ್ಟು, ತಲೆಗೆ ಸುತ್ತಿದ್ದ ವಸ್ತ್ರ ಬಿಚ್ಚಿ ಕೈಮುಗಿದ. ಅವನ ಆಳುಗಳು ಒಬ್ಬರೂ ಮುಂದೆ ಬರಲಿಲ್ಲ. ವಾರದೊಳಗೆ ಗುಡಿಸಲು ಕಿತ್ತುಕೊಂಡು ಬಿಳೇಕಹಳ್ಳಿ ಕಡೆಗೆ ಹೋದರು. ಸುದ್ದಿ ಕೇಳಿ ಗೌರೀಶಂಕರ ತಿಮ್ಮರಾಯಪ್ಪನನ್ನು ತಬ್ಬಿಕೊಂಡ. ಕಚೇರಿಗಳಿಗೆ ಕಾಣದ್ದು ಎರಡು ಹೋಳು ನಿಂಬೆಹಣ್ಣಿಗೆ ಕಂಡಿತ್ತು. ಅಷ್ಟಕ್ಕೇ ನಿಂತಿದ್ದರೆ ಈ ಕತೆ ಹೇಳುವ ಅಗತ್ಯವೇ ಇರಲಿಲ್ಲ.

ಊರವರ ಹೊಲವೆಲ್ಲ ಬಡಾವಣೆಗೆ ಹೋಗಿತ್ತು. ಒಕ್ಕಲು ಹೋಗಿ, ಎತ್ತು ಹೋಗಿ, ಕೈಗೆ ಕೆಲಸವಿಲ್ಲದೆ ಅರಳೀಕಟ್ಟೆ ತುಂಬಿತ್ತು. ಇದ್ದದ್ದನ್ನೆಲ್ಲ ಅಳೆದು ತೆಗೆದುಕೊಂಡವರು ಒಂದು ಬಂಡೆಯನ್ನು ಮಾತ್ರ ಮುಟ್ಟಲಾರದೆ ಹೋದರು ಎಂದರೆ ಆ ಮುನೇಶ್ವರ ಸಾಮಾನ್ಯದವನೇ? ಮೊದಲು ಒಂದು ದೀಪ ಬಂತು. ಆಮೇಲೆ ಬೇವಿನ ಗಿಡ, ನಾಲ್ಕು ಕಂಬ, ತಗಡು. ಅದೇ ಮಳೆಗಾಲ ತಿಮ್ಮರಾಯಪ್ಪನ ಒಬ್ಬಳೇ ಮಗಳು ಸೊಣ್ಣಮ್ಮನಿಗೆ ವಿಷಮಜ್ವರ ಬಂದು ಇಪ್ಪತ್ತೊಂದು ದಿನ ಕಣ್ಣು ಬಿಡಲಿಲ್ಲ. ಆಸ್ಪತ್ರೆಯ ಔಷಧಿಯೂ ನಡೆದಿತ್ತು, ಮುನಿವೆಂಕಟಮ್ಮ ಒದ್ದೆ ಸೀರೆಯಲ್ಲಿ ಬಂಡೆಯ ಸುತ್ತ ಉರುಳುವುದೂ ನಡೆದಿತ್ತು. ಮಗು ಬದುಕಿತು. "ನಿಮ್ ಕನಸಲ್ಲಿ ಬಂದೋನು ನಮ್ ಮನೆ ದೀಪ ಉಳ್ಸಿದ" ಎಂದು ಅವಳು ಗಂಡನ ಕಾಲು ಮುಟ್ಟಿ ಅತ್ತಳು. ಆ ದಿನ ತಿಮ್ಮರಾಯಪ್ಪ ನಿಜ ಹೇಳಿಬಿಡಬೇಕಾಗಿತ್ತು. ಯಾವ ಅಪ್ಪ ಹೇಳುತ್ತಾನೆ?

ಊರ ಯಜಮಾನ ಚಿಕ್ಕಬೈರಪ್ಪ ಗುಡಿ ಕಟ್ಟುವ ಮಾತು ತೆಗೆದ. ನೆಲಕ್ಕೆ ಸಿಮೆಂಟು ಹಾಕಿಸೋಣ, ಬಂಡೆ ಉಬ್ಬುತಗ್ಗು, ಮುದುಕರು ಎಡವುತ್ತಾರೆ ಎಂದ. ತಿಮ್ಮರಾಯಪ್ಪ ಅಡ್ಡ ಬಾಯಿ ಹಾಕಿದ. "ಬ್ಯಾಡಿ ಯಜಮಾನ್ರೆ. ಅವನಿಗೆ ಬರೀ ನೆಲ ಬೇಕು. ಮುಚ್ಚಬ್ಯಾಡಿ ಅಂದವ್ನೆ" ಎಂದ. ಕನಸು ಕಂಡವನ ಮಾತು, ಎಲ್ಲರೂ ತಲೆದೂಗಿದರು. ಹೀಗೆ ಒಂದು ಸುಳ್ಳಿಗೆ ಇನ್ನೊಂದು ಸುಳ್ಳು ಊರುಗೋಲಾಗಿ ಒಂದು ವರ್ಷ ದಾಟಿತು. ಭಾನುವಾರ ಗೌರೀಶಂಕರ ಬಂದರೆ ಚಪ್ಪಲಿ ಹೊರಗೆ ಬಿಟ್ಟು, ಊದುಬತ್ತಿಯ ಹೊಗೆಯ ನಡುವೆ ನೆರಿಗೆ ಅಳೆಯುತ್ತಿದ್ದ. ಪಾಪ ಮೇಷ್ಟ್ರಿಗೆ ಎಂಥಾ ಭಕ್ತಿ ಎಂದು ಹೆಂಗಸರು ಮಾತಾಡಿಕೊಂಡರು.

ಅರವತ್ನಾಲ್ಕರ ನವೆಂಬರಿನಲ್ಲಿ ಗೌರೀಶಂಕರ ಕೊನೆಯ ಸುತ್ತಿನ ಕಲ್ಲು ಕೂಡಿಸಲು ಹೊಳೆನರಸೀಪುರದ ಕಡೆ ಹೊರಟ. ತಿಮ್ಮರಾಯಪ್ಪನೂ ಜೊತೆಗೆ ಹೋಗಬೇಕಾಯಿತು. ನಲವತ್ತು ದಿನ. ಹಗಲೆಲ್ಲ ಗುಡ್ಡ ಹತ್ತುವುದು, ಸಂಜೆ ಒಲೆ ಮುಂದೆ ಕೂತು ಕಲ್ಲಿಗೆ ನಂಬರು ಹಾಕುವುದು. ಗೌರೀಶಂಕರ ಎಂದಿಲ್ಲದ ಖುಷಿಯಲ್ಲಿದ್ದ. "ಖಂಡಗಳೇ ಜರುಗ್ತವೆ ಅಂತ ಈಗೀಗ ಕೆಲವರು ಬರೀತಿದಾರೆ. ನಮ್ಮ ಹಿರಿಯರು ನಗ್ತಾರೆ. ನಂಗೆ ನಗು ಬರಲ್ಲ. ನಿಮ್ಮ ಗಂಟನ್ನ ಯಾರೋ ತಳ್ಳಿರಲೇಬೇಕಲ್ಲ ತಿಮ್ಮರಾಯಪ್ಪ" ಎನ್ನುತ್ತಿದ್ದ. ಜನವರಿ ಹತ್ತಕ್ಕೆ ಕಲ್ಕತ್ತದವರು ಬರುವುದು ಗಟ್ಟಿಯಾಗಿತ್ತು.

ಜನವರಿ ಮೂರಕ್ಕೆ ಊರಿಗೆ ಮರಳಿದಾಗ ಮುನಿವೆಂಕಟಮ್ಮ ಬಾಗಿಲಲ್ಲೇ ಕಾಯುತ್ತಿದ್ದಳು. ಮುಖ ಅರಳಿತ್ತು. "ಕೈಕಾಲು ಆಮೇಲೆ ತೊಳ್ಕಳಿ, ಮೊದ್ಲು ಬನ್ನಿ" ಎಂದು ಬಂಡೆಯ ಕಡೆ ಎಳೆದುಕೊಂಡು ಹೋದಳು.

ಗುಡಿ ಎದ್ದಿತ್ತು. ಇಟ್ಟಿಗೆ ಗೋಡೆ, ಹಸಿರು ಬಣ್ಣದ ಬಾಗಿಲು. ಒಳಗೆ ಮೂರು ಕಲ್ಲು ಬೆಳ್ಳಿ ಕಣ್ಣು ಇಟ್ಟುಕೊಂಡು ನಿಂತಿದ್ದವು. ಅವುಗಳ ಮುಂದೆ, ಸುತ್ತ, ಅಂಗಳದ ಕೊನೆಯವರೆಗೆ ಕೆಂಪು ಸಿಮೆಂಟು. ಕನ್ನಡಿಯ ಹಾಗೆ ಹೊಳೆಯುತ್ತಿತ್ತು. ಒಂದು ಗೆರೆ ಇರಲಿಲ್ಲ. ಕರೀ ಉಬ್ಬು ಇದ್ದ ಕಡೆ ನೆಲ ಸಪಾಟು.

"ನೀನು ಬೇಡ ಅಂತಿದ್ದೆ, ಗೊತ್ತು ಕಣಪ್ಪ" ಅಂದ ಚಿಕ್ಕಬೈರಪ್ಪ, ಬೆನ್ನು ತಟ್ಟುತ್ತ. "ದೇವ್ರು ಕೇಳಲ್ಲ, ನಾವು ಕೊಡ್ಬೇಕು. ನೀನು ಬರೋದ್ರೊಳ್ಗೆ ಮುಗಿಸ್ಬೇಕು ಅಂತ ಊರೆಲ್ಲ ಮಣ್ಣು ಹೊತ್ತವ್ರೆ. ನಿನ್ ಹೆಂಡ್ತಿನೂ ಹೊತ್ತವ್ಳೆ."

ತಿಮ್ಮರಾಯಪ್ಪ ಸಿಮೆಂಟಿನ ಮೇಲೆ ಕೂತು ಅಂಗೈ ಊರಿದ. ಯಾವ ಕಲ್ಲು ಎಷ್ಟು ದಪ್ಪ ಎಂದು ಮುಟ್ಟಿ ಹೇಳುವ ಬೆರಳಿಗೆ ಏನೂ ಗೊತ್ತಾಗಲಿಲ್ಲ. ಭಕ್ತಿಯಿಂದ ಕೂತಿದ್ದಾನೆ ಎಂದು ಎಲ್ಲರೂ ಕೈಮುಗಿದು ನಿಂತರು.

ಗೌರೀಶಂಕರನಿಗೆ ಹೇಗೆ ಹೇಳಿದ ಎಂಬುದನ್ನು ಅವನು ಮುಂದೆ ಯಾರಿಗೂ ಹೇಳಲಿಲ್ಲ. ಇಬ್ಬರೂ ಸೇರಿ ಚಿಕ್ಕಬೈರಪ್ಪನ ಬಳಿಗೆ ಹೋಗಿ, ನಾಲ್ಕಡಿ ಸಿಮೆಂಟು ತೆಗೆದು ಮತ್ತೆ ಹಾಕಿಸಿಕೊಡುತ್ತೇವೆ ಎಂದು ಕೇಳಿದ್ದು ಮಾತ್ರ ಊರಿಗೆಲ್ಲ ಗೊತ್ತು. ಪ್ರತಿಷ್ಠೆಗೆ ದಿನ ಇಟ್ಟ ನೆಲಕ್ಕೆ ಹಾರೆ ಹಾಕುವುದೇ ಎಂದು ಯಜಮಾನ ಕಿವಿ ಮುಚ್ಚಿಕೊಂಡ.

ಹತ್ತನೇ ತಾರೀಖು ಕಲ್ಕತ್ತದ ಹಿರಿಯರು ಕಾರಿನಿಂದ ಇಳಿದರು. ಎಪ್ಪತ್ತರ ಹತ್ತಿರ, ಬಿಳಿ ಪಂಚೆ, ಕೈಯಲ್ಲಿ ಸಣ್ಣ ಸುತ್ತಿಗೆ. ಗುಡಿಯನ್ನು ನೋಡಿದರು, ನೆಲ ನೋಡಿದರು, ಗೌರೀಶಂಕರನನ್ನು ನೋಡಿದರು. ಗೌರೀಶಂಕರ ನಕ್ಷೆ ಬಿಡಿಸಿದ. ಗಾಳಿಗೆ ಅದು ಪಟಪಟ ಎನ್ನುತ್ತಿತ್ತು. ಊರವರು ಕುತೂಹಲಕ್ಕೆ ಸುತ್ತ ನಿಂತಿದ್ದರು. ಆಗ ತಿಮ್ಮರಾಯಪ್ಪ ಒಂದೂವರೆ ವರ್ಷದಿಂದ ಗಂಟಲಲ್ಲಿದ್ದದ್ದನ್ನು ಹೊರಗೆ ಹಾಕಿದ.

"ಇಲ್ಲಿ ದೇವ್ರಿಲ್ಲ!" ಎಂದು ಕೂಗಿದ. "ಕೇಳ್ರಪ್ಪ, ನಂಗೆ ಯಾವ ಕನಸೂ ಬಿದ್ದಿಲ್ಲ. ಆ ಮೂರು ಕಲ್ಲು ನಾನೇ ಕೆರೆ ಏರಿಯಿಂದ ತಂದು ನಿಲ್ಸಿದ್ದು. ಅರಿಶಿನ ನಮ್ ಮನೇದು. ಬಂಡೆ ಉಳೀಲಿ ಅಂತ ಸುಳ್ಳು ಹೇಳ್ದೆ. ನಿಮ್ ಕಾಲಿಗ್ ಬೀಳ್ತೀನಿ, ನೆಲ ತೆಗೀರಿ!"

ಮುನಿವೆಂಕಟಮ್ಮನ ಮುಖ ಬಿಳಿಚಿಕೊಂಡಿತು. ಆಮೇಲೆ ಚಿಕ್ಕಬೈರಪ್ಪ ಮೆಲ್ಲಗೆ ಬಂದು, ಅಳುವ ಮಗುವನ್ನು ಸಮಾಧಾನ ಮಾಡುವವನಂತೆ ಅವನ ತೋಳು ಹಿಡಿದ. "ಆಯ್ತು ಕಣಪ್ಪ. ನೀನೇ ತಂದೆ, ನೀನೇ ನಿಲ್ಸಿದೆ. ಆದ್ರೆ ಇಷ್ಟು ವರ್ಸ ಇಲ್ದೆ ಇದ್ದ ಬುದ್ಧಿ ಆ ಬಿಸ್ಲಲ್ಲಿ ನಿಂಗೆ ಎಲ್ಲಿಂದ ಬಂತು? ಯಾರು ಕೊಟ್ರು?" ಎಂದ. ಹೌದು ಹೌದು ಎಂದು ಸುತ್ತ ನಿಂತವರೆಲ್ಲ ಅಂದರು. ಯಾರೋ ಮುದುಕಿ ತಿಮ್ಮರಾಯಪ್ಪನ ಕಾಲಿಗೇ ಕೈಮುಗಿದಳು. ಅವನು ಎಲ್ಲರ ಮುಖವನ್ನೂ ಒಂದೊಂದಾಗಿ ನೋಡಿದ. ಸಿಟ್ಟು ಮಾಡಿಕೊಂಡವರು ಒಬ್ಬರಾದರೂ ಇದ್ದಿದ್ದರೆ ಅವರ ಜೊತೆ ಜಗಳವಾಡಬಹುದಿತ್ತು. ಎಲ್ಲರೂ ಪ್ರೀತಿಯಿಂದ ನೋಡುತ್ತಿದ್ದರು.

ಹಿರಿಯರಿಗೆ ಕನ್ನಡ ಬಾರದು, ಆದರೆ ಆದದ್ದೇನೆಂದು ಅರ್ಥವಾಗಿತ್ತು. ಗೌರೀಶಂಕರನ ನಕ್ಷೆಯನ್ನು ತಾವೇ ಮಡಿಚಿ ಅವನ ಕೈಗಿಟ್ಟರು. ನಿನ್ನ ಮಾತು ನಿಜವಿರಬಹುದು, ಆದರೆ ನಾನು ಕಾಣದ್ದನ್ನು ಕಂಡೆ ಎಂದು ಬರೆಯಲಾರೆ ಎಂದು ಇಂಗ್ಲಿಷಿನಲ್ಲಿ ಹೇಳಿ ಕಾರು ಹತ್ತಿದರು. ಕೆಟ್ಟವರೇನಲ್ಲ. ಅದೇ ಕಷ್ಟ, ಈ ಕತೆಯಲ್ಲಿ ಬೈಯೋಣ ಎಂದರೆ ಒಬ್ಬ ಕೆಟ್ಟವನೂ ಸಿಗುವುದಿಲ್ಲ.

ಆ ಸಂಜೆ ತಿಮ್ಮರಾಯಪ್ಪ ಯಜಮಾನನನ್ನು ಕೇಳಿದ, "ನೆಲ ಸಪಾಟಾಗಿತ್ತಲ್ಲ, ಆ ಕರೀ ಉಬ್ಬು ಏನಾಯ್ತು?" ಚಿಕ್ಕಬೈರಪ್ಪ ಒಳಗೊಳಗೇ ನಕ್ಕು, "ಸೋಮವಾರ ಬಾ, ತೋರಿಸ್ತೀನಿ" ಎಂದ.

ಸೋಮವಾರ ಪ್ರತಿಷ್ಠೆ. ಗೌರೀಶಂಕರನನ್ನೂ ತಿಮ್ಮರಾಯಪ್ಪನೇ ಹೇಳಿ ಕರೆಸಿದ್ದ, ಉಬ್ಬಿನ ಗತಿ ತಿಳಿಯಬಹುದೆಂದು. ಮಂಗಳಾರತಿ ಆದ ಮೇಲೆ ಚಿಕ್ಕಬೈರಪ್ಪ ಬಾಗಿಲ ಪಕ್ಕದ ಗೋಡೆಗೆ ಹೊದಿಸಿದ್ದ ಕೆಂಪು ಬಟ್ಟೆಯನ್ನು ತಿಮ್ಮರಾಯಪ್ಪನ ಕೈಯಲ್ಲೇ ತೆಗೆಸಿದ. ಗೋಡೆಯಲ್ಲಿ ಎರಡಡಿ ಉದ್ದದ ಕರೀ ಕಲ್ಲು ಕೂರಿಸಿದ್ದರು. ಮುಖವನ್ನು ತೇಯ್ದು ತೇಯ್ದು ನಯ ಮಾಡಿದ್ದರು. ನೀರು ಬಳಿದಂತೆ ಹೊಳೆಯುತ್ತಿತ್ತು. ಅದರ ಮೇಲೆ ಬಿಳಿ ಬಣ್ಣ ತುಂಬಿದ ದಪ್ಪ ಅಕ್ಷರ: ಶ್ರೀ ಮುನೇಶ್ವರಸ್ವಾಮಿ ಗುಡಿ. ಈ ದೇವರನ್ನು ತೋರಿಸಿದವರು ತಿಮ್ಮರಾಯಪ್ಪ.

"ಆ ಉಬ್ಬು ಅಡ್ಡ ಬರ್ತಿತ್ತು. ತಿರುಮಲೇಶ ಮೇಸ್ತ್ರೀನ ಕರ್ಸಿ ಹಾರ್ಸಿದ್ವಿ," ಎಂದು ಚಿಕ್ಕಬೈರಪ್ಪ ಹೆಮ್ಮೆಯಿಂದ ವಿವರಿಸಿದ. "ಎಂಥಾ ಹಟದ ಕಲ್ಲು ಅಂತೀಯ, ನಾಲ್ಕು ಕಡೇನೂ ಚೌಕ ಮಾಡಕ್ಕೆ ಹದಿನೈದು ದಿನ ತಗಂಡ. ದೇವ್ರ ಜಾಗದ್ದೇ ಕಲ್ಲು ಇರ್ಲಿ ಅಂತ ನಾನೇ ಹೇಳ್ದೆ."

ಗೌರೀಶಂಕರ ಜನರನ್ನು ಸರಿಸಿಕೊಂಡು ಮುಂದೆ ಬಂದ. ಕನ್ನಡಕ ಹಣೆಗೇರಿಸಿ, ಮೊದಲ ಭಾನುವಾರ ಬಗ್ಗಿದ್ದಂತೆಯೇ ಕಲ್ಲಿಗೆ ಮೂಗು ತಾಗಿಸಿ ನಿಂತ. ಎಲ್ಲ ಇತ್ತು. ಬಿಸಿಲು ಮಳೆಯಲ್ಲಿ ಎಂದೂ ಅಷ್ಟು ಸ್ಪಷ್ಟವಾಗಿ ಕಂಡಿರಲಿಲ್ಲ. ಒಳಗಿನ ಸಣ್ಣ ನೆರಿಗೆಗಳು, ಅವನ್ನು ಅಂಚಿನಲ್ಲಿ ಕತ್ತರಿಸಿ ಹಾಯ್ದ ಬಿಳಿ ಗೆರೆಗಳು, ಬೆಟ್ಟಕ್ಕೂ ಮುಂಚಿನ ಬೆಟ್ಟ. ಅದರ ಮಧ್ಯದಲ್ಲಿ, ನೆರಿಗೆಗಳನ್ನು ಉಳಿಯಿಂದ ಕಡಿದುಕೊಂಡು, ತಿಮ್ಮರಾಯಪ್ಪನ ಹೆಸರು.

"ಇದು ಹೇಗಿತ್ತು ತಿಮ್ಮರಾಯಪ್ಪ?" ಎಂದು ಗೌರೀಶಂಕರ ಪಿಸುಮಾತಿನಲ್ಲಿ ಕೇಳಿದ. "ನಾನು ನಕ್ಷೆಗೆ ಇಳಿಸಿದ್ದ ಮೇಲ್ಮೈಯನ್ನೇ ಕೆತ್ತಿ ಹಾಕಿದಾರೆ. ಯಾವ ಮೈ ಮೇಲಿತ್ತು? ಉತ್ತರ ಯಾವ ಕಡೆಗಿತ್ತು? ನೀವು ಹುಟ್ಟಿದಾಗಿನಿಂದ ಇದರ ಮೇಲೆ ಕೂತವರು. ಜ್ಞಾಪಿಸಿಕೊಳ್ಳಿ. ಒಂದು ಕಡೆ ಗೊತ್ತಾದರೂ ಸಾಕು."

ತಿಮ್ಮರಾಯಪ್ಪ ಕಲ್ಲಿನ ಮೇಲೆ ಬೆರಳಿಟ್ಟು ಕಣ್ಣು ಮುಚ್ಚಿದ. ಮಗುವಾಗಿದ್ದಾಗ ಜಾರುತ್ತಿದ್ದ ಕಡೆ, ಅವ್ವ ಬೆನ್ನು ಊರಿ ಕೂರುತ್ತಿದ್ದ ಕಡೆ, ಸಂಜೆಯ ಬಿಸಿಲು ಬೀಳುತ್ತಿದ್ದ ಕಡೆ, ಎಲ್ಲವೂ ನೆನಪಾಯಿತು. ಆದರೆ ನಾಲ್ಕು ಅಂಚೂ ಚೌಕವಾಗಿತ್ತು, ಮೈಯೆಲ್ಲ ನಯವಾಗಿತ್ತು. ಯಾರೋ ಅವನಷ್ಟೇ ಚೆನ್ನಾಗಿ ತೇಯ್ದಿದ್ದರು. ಒಮ್ಮೆ ಈ ಅಂಚು ಎನ್ನಿಸಿತು, ಇನ್ನೊಮ್ಮೆ ಆ ಅಂಚು ಎನ್ನಿಸಿತು. ಏನಾದರೂ ಒಂದು ಹೇಳಿಬಿಡಬಹುದಿತ್ತು, ಮೇಷ್ಟ್ರು ನಂಬುತ್ತಿದ್ದರು. ಸುಳ್ಳು ಹೇಳಿ ಆದದ್ದನ್ನು ಅವನು ಕಣ್ಣಾರೆ ಕಂಡಿದ್ದ.

"ಗೊತ್ತಾಗ್ತಿಲ್ಲ ಸಾರ್" ಅಂದ.

ಗೌರೀಶಂಕರ ತಲೆಯಾಡಿಸಿ, ಕನ್ನಡಕ ಇಳಿಸಿಕೊಂಡು, ಚಪ್ಪಲಿ ಹಾಕಿಕೊಂಡು ಸೈಕಲಿನ ಕಡೆ ಹೋದ. ಅವನ ಪ್ರಬಂಧ ಅಚ್ಚಾಗಲಿಲ್ಲ. ಎರಡು ವರ್ಷದ ಮೇಲೆ ಬೇರೆ ಊರಿಗೆ ಕೆಲಸ ಸಿಕ್ಕಿ ಹೋಗಿಬಿಟ್ಟ. ಪ್ರತಿಷ್ಠೆಯ ಆ ದಿನ ತಿಮ್ಮರಾಯಪ್ಪ ಅವನ ಹಿಂದೆ ಹೋಗಬೇಕೆಂದು ತಿರುಗುವಷ್ಟರಲ್ಲಿ ಮುನಿವೆಂಕಟಮ್ಮ ಸೊಣ್ಣಮ್ಮನ ಕೈ ಹಿಡಿದುಕೊಂಡು ಅಡ್ಡ ಬಂದಳು. ಅವಳಿಗೆ ಓದು ಬಾರದು. ಗಂಡನ ಹೆಸರು ಯಾವುದು ಎಂದು ಮಗಳನ್ನು ಕೇಳಿ, ಅವಳು ತೋರಿಸಿದ ಅಕ್ಷರಗಳ ಮೇಲೆ ಒಂದೊಂದಾಗಿ ಕುಂಕುಮ ಇಟ್ಟು, "ಎಲ್ರ ಎದುರ್ಗೆ ದೇವ್ರಿಲ್ಲ ಅಂದ್ರಿ. ನೋಡಿ, ಅವನು ನಿಮ್ನ ಬಿಟ್ಟಿಲ್ಲ" ಎಂದು ಕಣ್ಣೊರೆಸಿಕೊಂಡಳು.